ಆರನೇ ಚೌಕ

ಅಪ್ಪ ಕಾಗದದ ಕಾರ್ಖಾನೆಯಲ್ಲಿ, ಕಟಿಂಗ್ ವಿಭಾಗ.
ಅಂಚು ಸೊಟ್ಟಗಾದ ಹಾಳೆಗಳನ್ನು ಸೈಕಲ್ ಕ್ಯಾರಿಯರಿಗೆ ಬಿಗಿದು
ಭದ್ರಾವತಿಯ ಕ್ವಾರ್ಟರ್ಸಿಗೆ ತರುತ್ತಿದ್ದ.
ಸೊಟ್ಟ ಹಾಳೆಯ ಮೇಲೆ ನೆಟ್ಟಗಿನ ಹುಡುಗಿ ಬರುತ್ತಾಳೆಯೆ?
ತುರಚಿ ಹುಟ್ಟಿದ್ದು ಹಾಗೆ.

ಒಂದು ಜಡೆ ಮೇಲೆ, ಒಂದು ಜಡೆ ಕೆಳಗೆ,
ಮುಂದಿನ ಎರಡು ಹಲ್ಲಿಲ್ಲ,
ಹೆಸರು ಬೇಲಿಸಾಲಿನ ಸೊಪ್ಪಿನದು:
ಮುಟ್ಟಿದವರು ಕೆರೆದುಕೊಳ್ಳಬೇಕು, ಅವಳಲ್ಲ.

ಮೊದಲ ಚೌಕ: ಅಕ್ಕನನ್ನು ನೋಡಲು ಗಂಡಿನವರು ಬಂದಿದ್ದಾರೆ.
ಎರಡು: ಉಪ್ಪಿಟ್ಟು ಮುಗಿದಿದೆ, ಹಾಡು ಬರುತ್ತಾ ಎಂದು ಕೇಳಿದ್ದಾರೆ.
ಮೂರು: ತುರಚಿ ಗಂಡಿನ ಎದುರು ಚಕ್ಕಳಮಕ್ಕಳ ಕೂತು
'ನಿಮಗೆ ಉಪ್ಪಿಟ್ಟು ಬರುತ್ತಾ? ಎಲ್ಲಿ, ಸ್ವಲ್ಪ ನಡೆದು ತೋರಿಸಿ.'
ನಾಲ್ಕು: ನಡೆಯುತ್ತಾನೆ, ಪಾಪ, ಬಾಗಿಲವರೆಗೆ.
ಐದು: ಬಾಗಿಲು ಮಾತ್ರ ಇದೆ.

ಆರನೆಯದು ನನ್ನದಲ್ಲ, ಸಂಪಾದಕರದು.
ಶಿವಮೊಗ್ಗದ ವಾರಪತ್ರಿಕೆ, ದುರ್ಗಿಗುಡಿಯ ಮಹಡಿ,
ಹಣೆಗೇರಿದ ಕನ್ನಡಕ, ಕೆಂಪು ಪೆನ್ನು:
'ಚೆನ್ನಾಗಿದೆಯಮ್ಮ. ಆದರೆ ಮಕ್ಕಳು ಓದ್ತಾರೆ ನೋಡು,
ಕೊನೆಗೆ ಅವಳು ತಪ್ಪಾಯ್ತು ಅನ್ನಲಿ.'
ಚಿತ್ರಕ್ಕೆ ಹದಿನೈದು ರೂಪಾಯಿ.
ಒಂಬತ್ತು ವರ್ಷ. ವಾರಕ್ಕೊಂದು ತಪ್ಪಾಯ್ತು.
ಲೆಕ್ಕ ಹಾಕಲು ಹೋಗಬೇಡಿ, ನಾನು ಹಾಕಿದ್ದೇನೆ.
ಕೈಮುಗಿದ ತುರಚಿಯ ಬೆರಳು ಮಾತ್ರ
ಒಮ್ಮೆಯೂ ಸರಿಯಾಗಿ ಬರೆಯಲಾಗಲಿಲ್ಲ.
ಒಂದು ಕೈಗೆ ಆರು, ಕೆಲವು ವಾರ ನಾಲ್ಕು.

ಪತ್ರಿಕೆ ನಿಂತಿತು. ಆಮೇಲೆ ಕಾರ್ಖಾನೆಯೂ.
ಮೊನ್ನೆ ಟ್ರಂಕು ತೆಗೆದವಳು ಜೈಬುನ್ನಿಸಾ,
ಬ್ಲೌಸಿನ ಅಳತೆ ಕತ್ತರಿಸಲು ಕಾಗದ ಬೇಕಿತ್ತಂತೆ.
ಕತ್ತರಿ ಹಿಡಿದು ಕೂತವಳು ನಕ್ಕು ನಕ್ಕು ಬಿಕ್ಕಳಿಕೆ ಹತ್ತಿ
'ಇದನ್ನ ಆಡಣ ಕಣೇ' ಅಂದಳು.

ಹಿಟ್ಟಿನ ಗಿರಣಿ ಮುಚ್ಚಿದ ಮೇಲೆ ಅದರೊಳಗೇ ತಾಲೀಮು,
ಲವೀನಾ ಸಿಸ್ಟರಿಗೆ ನೈಟ್ ಡ್ಯೂಟಿ ಇಲ್ಲದ ದಿನ.
ಅವಳೇ ಗಂಡು; ಮೀಸೆಯ ತುಂಬ ಜೋಳದ ಹಿಟ್ಟು.
ಅಕ್ಕ, ಗಿರಿಜಾಬಾಯಿ.
ತುರಚಿ, ಹಾಲಮ್ಮ: ಅರವತ್ತೆರಡು ವರ್ಷ,
ಮುನಿಸಿಪಾಲಿಟಿಯ ಬೀದಿ ಗುಡಿಸಿ ರಿಟೈರಾದವಳು.
'ಎಂಟು ವರ್ಷಕ್ಕೇ ನನ್ನ ಮದ್ವೆ ಗೊತ್ತಾತು.
ಆಟ ಬಾಕಿ ಐತೆ.'

ಶಿವಮೊಗ್ಗದ ಸಭಾಂಗಣ. ಶಾಲು ಹೊದ್ದ ಮಹನೀಯರೊಬ್ಬರು
ಸ್ತ್ರೀವಾದದ ಬಗ್ಗೆ ಎರಡು ಮಾತು ಆಡಲು ಬಂದು
ನಲವತ್ತು ನಿಮಿಷ ಆಡಿ ಮುಂದಿನ ಸಾಲಿನಲ್ಲಿ ಕೂತರು.
ಉಳಿದ ಹೊತ್ತಿನಲ್ಲಿ ನಾವು ನಗಿಸಬೇಕು.

ಗಂಡು ನಡೆದ, ಬಾಗಿಲವರೆಗೆ.
ಮೀಸೆ ಅಲ್ಲಿಯವರೆಗೆ ಬರಲಿಲ್ಲ.
ಹಿಂದಿನ ಸಾಲಿನ ಹಾಸ್ಟೆಲ್ ಹುಡುಗಿಯರು ಸೀಟಿ ಹೊಡೆದರು.

ಈಗ ಆರನೆಯದು.
ನಾನೇ ಬರೆದಿದ್ದೆ. ಯಾರೂ ಹೇಳಿರಲಿಲ್ಲ, ಕೈಗೆ ಹತ್ತಿದ ಚಟ.
ತುರಚಿ ಕೈಮುಗಿಯುತ್ತಾಳೆ, ತಪ್ಪಾಯ್ತು ಎನ್ನುತ್ತಾಳೆ, ಪರದೆ.
ತಾಲೀಮಿನಲ್ಲಿ ಹೇಳುತ್ತಲೂ ಇದ್ದಳು, ಆಕಳಿಸುತ್ತ.

ಅವತ್ತು ಕೈ ಎತ್ತಿದಳು. ಮುಗಿಯಲಿಲ್ಲ.
ಬಾಯಿಗೆ ಬೆರಳಿಟ್ಟು ಹಲ್ಲಿನ ಸೆಟ್ಟು ತೆಗೆದು
ಲಂಗಕ್ಕೆ ಒರೆಸಿ, ಲೈಟಿಗೆ ಹಿಡಿದು,
ಎರಡು ಬೆರಳಲ್ಲಿ ಟಕಟಕ ಆಡಿಸಿದಳು:
'ತಪ್ಪಾತು ಯಜಮಾನ್ರೇ, ತಪ್ಪಾತು, ತಪ್ಪಾತು...
ತಪ್ಪೊಪ್ಪೋ ಕೆಲ್ಸ ಕಾಂಟ್ರಾಕ್ಟಿಗೆ ಕೊಟ್ಟೀನಿ.'

ಆಮೇಲೆ ನಕ್ಕಳು.
ಮುಂದಿನ ಹಲ್ಲಿಲ್ಲ.
ಪರದೆಯ ಹಗ್ಗ ನನ್ನ ಕೈಯಲ್ಲಿತ್ತು, ಎಳೆಯಲಿಲ್ಲ.
ಅಪ್ಪನ ಸೊಟ್ಟ ಹಾಳೆಯ ಮೇಲೆ
ಹತ್ತು ವರ್ಷದವಳಿದ್ದಾಗ ನಾನು ಬರೆದದ್ದು
ಈ ಬಾಯಿ.

ಕಡೇ ಬಸ್ಸು, ಭದ್ರಾವತಿ.
ಕರ್ಚೀಫಿನಲ್ಲಿ ಸುತ್ತಿದ ಸೆಟ್ಟು ನನ್ನ ಬ್ಯಾಗಿನಲ್ಲಿ,
ಹಂಪು ಬಂದಾಗೆಲ್ಲ ಟಕ್ ಅನ್ನುತ್ತದೆ.
ಜೈಬು ಬೇಯಿಸಿದ ಕಡಲೆಕಾಯಿ ಹಂಚುತ್ತಿದ್ದಾಳೆ.
ಹಾಲಮ್ಮ ಒಸಡಲ್ಲೇ ಜಗಿಯುತ್ತ
'ಅದುಕ್ಕೂ ನಾಕು ಹಾಕೇ,
ಪಾಪ, ಅಷ್ಟೊತ್ತು ತಪ್ಪೊಪ್ಪಿ ಹಸ್ದಿರ್ತೈತೆ.'